ಸೀಟಿನ ಪೈಪಿನ ಮೇಲೆ ಎರಡು ಗೀಟು

"ಬಾಯಾರ, ಈ ಸೈಕಲ್ ನಿಮ್ಮದಲ್ರಿ."

ಪಂಕ್ಚರ್ ಆದ ಸೈಕಲ್ಲನ್ನು ಎರಡು ಮೈಲಿ ತಳ್ಳಿಕೊಂಡು, ಬೆವರು ಸುರಿಸುತ್ತ ಬಂದ ಮಲ್ಲಕ್ಕನಿಗೆ ಸಿಕ್ಕ ಮೊದಲ ಮಾತು ಇದು! ಅವಳ ಪಿತ್ತ ನೆತ್ತಿಗೇರಿತು.

"ನಂದಲ್ಲಂದ್ರ? ಕದ್ಕೊಂಡ್ ಬಂದೀನೇನ್ರಿ?"

"ಹಂಗಲ್ರಿ... ನಿಮ್ಮ ಅಳತೀದಲ್ಲ ಅಂದೆ. ಇದು ಇಪ್ಪತ್ತಿಂಚಿನ ಫ್ರೇಮು. ನಿಮ್ಮ ಕಾಲು ಅಗದಿ ಉದ್ದ ಅದಾವು."

ಗುಡಗೇರಿ ಸ್ಟೇಷನ್ ರಸ್ತೆ, ಅದೂ ಸಂತೆಯ ದಿನ. ಬಾಜೂ ಚಹಾದಂಗಡಿಯಲ್ಲಿ ಕುಳಿತಿದ್ದ ನಾಲ್ಕು ಜನ ಒಟ್ಟಿಗೆ ತಿರುಗಿ ಅವಳ ಕಾಲು ನೋಡಿದರು. ಒಬ್ಬ ಕಿಸಕ್ಕನೆ ನಕ್ಕ.

ಉದ್ದ... ಮತ್ತೆ ಅದೇ ಮಾತು!

ಮಲ್ಲಕ್ಕ ಸೀರೆಯ ನೆರಿಗೆಯನ್ನು ಕೆಳಗೆ ಜಗ್ಗಿಕೊಂಡಳು. ಇಪ್ಪತ್ನಾಲ್ಕು ವರ್ಷದ ಈ ನರ್ಸಬಾಯಿಯನ್ನು ನಾಲ್ಕು ಗಂಡುಗಳು ನೋಡಿ ಹೋಗಿದ್ದವು. ನಾಲ್ಕೂ ಕಡೆಯಿಂದ ಒಂದೇ ಉತ್ತರ: ಹುಡುಗಿ ಚಲೋ, ಆದರೆ ಬಹಳ ಎತ್ತರ. ಕೊನೆಯ ಗಂಡಿನ ಅಕ್ಕನಂತೂ ಚಹಾ ಕುಡಿಯುತ್ತಲೇ "ಲೈಟಿನ ಕಂಬ" ಅಂದುಬಿಟ್ಟಿದ್ದಳು. ಅಂದಿನಿಂದ ಮಲ್ಲಕ್ಕ ಬೆನ್ನು ಬಾಗಿಸಿ ನಡೆಯುವುದನ್ನು ಕಲಿತಿದ್ದಳು.

"ಪಂಕ್ಚರ್ ತೆಗೀರಿ, ಸಾಕು. ನನ್ನ ಕಾಲಿನ ಉಸಾಬರಿ ನಿಮಗ್ಯಾಕ?"

ಅಂಗಡಿಯ ಶಂಭುಲಿಂಗಪ್ಪ ತಲೆ ತಗ್ಗಿಸಿ ಟ್ಯೂಬು ಹೊರತೆಗೆದ. ಇಪ್ಪತ್ತೆಂಟರ ಹರೆಯ, ಎಣ್ಣೆ ಮೆತ್ತಿದ ಕೈ, ಮೆಲ್ಲನೆಯ ದನಿ. ಎದ್ದು ನಿಂತರೆ ಅವನ ನೆತ್ತಿ ಮಲ್ಲಕ್ಕನ ಹುಬ್ಬಿನವರೆಗೂ ಬರುತ್ತಿರಲಿಲ್ಲ.

ಕೆಲಸ ಮುಗಿಸಿ ಅವನು ಕೇಳಿದ. "ಒಂದ ಮಾತ್ರಿ... ಮಣಕಾಲು ನೋಯ್ತಾವೋ ಇಲ್ಲೋ?"

ನೋಯುತ್ತಿದ್ದವು! ಪೆಡಲು ತುಳಿದಾಗೆಲ್ಲ ಮೊಣಕಾಲು ಹ್ಯಾಂಡಲ್ಲಿಗೆ ಬಡಿಯುತ್ತಿತ್ತು. ಮೂರು ಊರು ಸುತ್ತಿ ಮಕ್ಕಳಿಗೆ ಲಸಿಕೆ ಹಾಕಬೇಕು. ಅಷ್ಟರಲ್ಲಿ ಲಸಿಕೆ ಡಬ್ಬಿಯ ಮಂಜುಗಡ್ಡೆ ಕರಗಿ ನೀರಾಗುತ್ತಿತ್ತು. ಹೀಗೇ ತಡವಾದರೆ ಹರಕುಣಿ ದಾರಿಯ ಈ ಕೆಲಸವನ್ನು ಬೇರೆಯವರಿಗೆ ಕೊಡುತ್ತೇನೆ ಎಂದು ಡಾಕ್ಟರು ಹೋದ ವಾರವೇ ಬೈದಿದ್ದರು. ಆ ಕೆಲಸವೂ ಹೋದರೆ ಅವಳಿಗೆ ಉಳಿಯುವುದೇನು? ಐದನೆಯ ಗಂಡಿನ ಮುಂದೆ ಬೆನ್ನು ಬಾಗಿಸಿ ಕೂರುವುದು.

"ನೋಯ್ತಾವು," ಅಂದಳು ಸಿಟ್ಟಿನಲ್ಲೇ.

"ಹಂಗಾರ ಸೀಟು ಕಂಕುಳದಾಗ ಇಟಗೊಂಡು ಕೈ ಕೆಳಗ ಚಾಚ್ರಿ. ಬೆರಳತುದಿ ಪೆಡಲಿನ ನಡುವಿನ ಅಚ್ಚಿಗೆ ಬರಬೇಕು. ಅದ ನಿಮ್ಮ ಅಳತಿ."

ಹೇಳಿದವನೇ ಅವನು ಸ್ಟೇಷನ್ನಿನ ಕಡೆ ಮುಖ ತಿರುಗಿಸಿ ನಿಂತ. ಚಹಾದಂಗಡಿಯವರಿಗೂ ಗದರಿದ. "ನಿಮ್ಮ ನಿಮ್ಮ ಕಪ್ಪು ನೋಡ್ಕೋರ್ಲೇ!"

ಮಲ್ಲಕ್ಕ ಬಗ್ಗಿ ಕೈ ಚಾಚಿದಳು. "ಬೆರಳು ಅಚ್ಚು ದಾಟಿ ಹೋಗ್ತಾವು."

"ಎಷ್ಟು?"

"ನಾಕ ಬಟ್ಟು."

"ಅಷ್ಟ ಏರಿಸಬೇಕ್ರಿ. ಫ್ರೇಮು ಬದಲಿ ಮಾಡಾಕಾಗಂಗಿಲ್ಲ, ಸೀಟರ ಏರಿಸೂಣು."

ಹಳೆಯ ಗಿಡ್ಡ ಪೈಪು ತೆಗೆದು ಉದ್ದದ್ದೊಂದನ್ನು ಹಾಕಿದ. ಪಾನಾ ಹಿಡಿದು ನಟ್ಟನ್ನು ಬಿಗಿಮಾಡಿದ.

ಆ ದಿನ ಮಲ್ಲಕ್ಕ ಹರಕುಣಿ ದಾರಿಯಲ್ಲಿ ಹಾರಿದಳೆಂದೇ ಹೇಳಬೇಕು! ಕಾಲು ಪೂರ್ತಿ ಚಾಚಿಕೊಂಡವು. ಬೆನ್ನು ತಾನಾಗಿ ನೆಟ್ಟಗಾಯಿತು. ಎಷ್ಟೋ ದಿನಗಳ ನಂತರ ಅವಳಿಗೆ ತನ್ನ ಎತ್ತರ ಹಗುರವೆನಿಸಿತು.

ಆದರೆ ಮರುದಿನ ಬೆಳಿಗ್ಗೆ ಹತ್ತಿ ಕೂತರೆ... ಮೊಣಕಾಲು ಮತ್ತೆ ಹ್ಯಾಂಡಲ್ಲಿಗೆ ಬಡಿಯಿತು. ಸೀಟು ಇಳಿದಿತ್ತು!

ಸಂಜೆ ಅಂಗಡಿಗೆ ಬಂದು ಹೇಳಿದಳು. ಶಂಭುಲಿಂಗಪ್ಪನಿಗೆ ನಂಬಿಕೆಯೇ ಬರಲಿಲ್ಲ. "ನಾ ಬಿಗದ ಸೀಟು ಇಳಿಯಂಗಿಲ್ರಿ!" ಎಂದು ಮತ್ತೆ ಏರಿಸಿದ. ಅರ ಹಿಡಿದು, ಫ್ರೇಮಿನ ಬಾಯಿಗೆ ಸರಿಯಾಗಿ ಪೈಪಿನ ಮೇಲೆ ಒಂದು ಗೀಟು ಎಳೆದ.

"ಇದು ನಿಮ್ಮ ಗುರುತು. ಈ ಗೀಟು ಕಾಣಲಿಲ್ಲಂದ್ರ ಸೀಟು ಇಳದೈತಿ ಅಂತ ತಿಳ್ಕೋರಿ."

ನನ್ನ ಗುರುತು... ಯಾಕೋ ಆ ಮಾತು ಅವಳಿಗೆ ಮನೆ ಮುಟ್ಟುವವರೆಗೂ ಹಿತವಾಗಿ ಕೇಳಿಸುತ್ತಿತ್ತು.

ಬೆಳಗಾಗುತ್ತಲೇ ಗೀಟು ಮಾಯ! ಇಂಥದ್ದು ಒಂದು ದಿನವಲ್ಲ, ಎರಡು ದಿನವಲ್ಲ, ಇಡೀ ವಾರ. ಸಂಜೆ ಏರಿಸುವುದು, ಬೆಳಿಗ್ಗೆ ಇಳಿದಿರುವುದು. ಯಾರಿಗಾದರೂ ತಲೆ ಕೆಡುವುದಿಲ್ಲವೇ? ಅವಳ ಕೈಯಲ್ಲಿ ಪಾನಾ ಇಲ್ಲ, ಬೆಳಿಗ್ಗೆ ಅವಳು ಹೊರಡುವ ಹೊತ್ತಿಗೆ ಅವನ ಅಂಗಡಿ ತೆರೆದಿರುವುದಿಲ್ಲ, ದಾರಿಯಲ್ಲಿ ಬೇರೆ ಅಂಗಡಿ ಇಲ್ಲ. ಶನಿವಾರ ಹರಕುಣಿಗೆ ಮುಟ್ಟುವಷ್ಟರಲ್ಲಿ ಮಂಜುಗಡ್ಡೆ ಪೂರ್ತಿ ಕರಗಿತ್ತು. ಕಾದು ಕೂತಿದ್ದ ಹದಿನೇಳು ತಾಯಂದಿರನ್ನು ನಾಳೆ ಬರಲು ಹೇಳಿ ವಾಪಸು ಕಳಿಸಬೇಕಾಯಿತು. ಒಬ್ಬಳು ಕೂಸನ್ನು ಕಟ್ಟಿಕೊಂಡು ಕಳೆ ತೆಗೆಯುವ ಕೂಲಿ ಬಿಟ್ಟು ಬಂದಿದ್ದಳು.

ಮಲ್ಲಕ್ಕ ನೇರ ಸ್ಟೇಷನ್ ರಸ್ತೆಗೆ ಬಂದು ಸೈಕಲ್ಲನ್ನು ಅಂಗಡಿಯ ಮುಂದೆ ಕೆಡವಿದಳು.

"ನಿಮಗ ಕೆಲಸ ಬರತೈತೇನ್ರಿ? ದಿನಾ ನಾ ಬರ್ಲಿ ಅಂತ ಬೇಕಂತ ಸಡಲ ಬಿಡ್ತೀರಿ! ಏರಿಸೋ ನೆವದಾಗ ನನ್ನ ನಿಂದ್ರಿಸಿ ಮಂದಿಗೆ ತೋರಸ್ತೀರಿ! ನಾ ಉದ್ದ ಅದೀನಂತ ನಿಮಗೂ ಚಾಷ್ಟಿ ಅಲ್ಲ?"

ಚಹಾದಂಗಡಿಯ ಇಮಾಮುದ್ದೀನ ಕಾಕಾ ಮಧ್ಯೆ ಬಂದರು. "ಬೇಟಿ, ಹಂಗನಬ್ಯಾಡ. ಅವನ ಕೈ ಬಿಗಿ ಅಂದ್ರ ಸುತ್ತ ಹತ್ತೂರಿಗೆ ಗೊತ್ತೈತಿ..."

"ಕಾಕಾ, ನೀವು ಸುಮ್ಮನಿರ್ರಿ," ಅಂದ ಶಂಭುಲಿಂಗಪ್ಪ. ಅವನ ಮುಖ ಕೆಂಪಾಗಿತ್ತು. ಬಗ್ಗಿ, ಬಿದ್ದ ಸೈಕಲ್ಲನ್ನು ಎತ್ತಿ ನಿಲ್ಲಿಸಿದ. "ತಪ್ಪು ನಂದ ಬಾಯಾರ. ನನ್ನ ಬಿಗಿ ಸಾಲಲಿಲ್ಲ."

ಅಷ್ಟು ಜನ ಗಿರಾಕಿಗಳ ಮುಂದೆ, ಹತ್ತೂರಿಗೆ ಹೆಸರಾದ ಕೈಯವನು ಹಾಗೆ ಹೇಳಿಬಿಟ್ಟ! ಮಲ್ಲಕ್ಕನಿಗೆ ಗೆದ್ದೆನೆಂಬ ಸಮಾಧಾನ ಸಿಗಲಿಲ್ಲ. ಸೈಕಲ್ಲನ್ನು ಅಲ್ಲೇ ಬಿಟ್ಟು ಮನೆಗೆ ಹೋಗಿ, ಊಟ ಮಾಡದೆ ಮಲಗಿದಳು. ಸಂಜೆ ಅವನು ಸೀಟನ್ನು ಸರಿಮಾಡಿ, ಬೇರೆ ಯಾರದೋ ಕೈಯಲ್ಲಿ ಸೈಕಲ್ಲನ್ನು ಕಳಿಸಿದ. ಅದನ್ನು ಕಂಡು ಅವಳಿಗೆ ಇನ್ನಷ್ಟು ಕಿರಿಕಿರಿಯಾಯಿತು.

ಭಾನುವಾರ ನಸುಕಿನಲ್ಲಿ ಅವಳು ನೀರಿಗೆ ಹೊರಟವಳು, ಕೊಡದ ಕೆಳಗಿಡುವ ಸಿಂಬಿ ಮರೆತು ತಿರುಗಿ ಬಂದಳು.

ಅಂಗಳದಲ್ಲಿ ಅವ್ವ ಸುಶೀಲವ್ವ ಸೈಕಲ್ಲಿನ ಬಳಿ ಕುಕ್ಕರಗಾಲಲ್ಲಿ ಕೂತಿದ್ದಳು. ಕೈಯಲ್ಲಿ ಪಾನಾ!

"ಯವ್ವಾ! ಏನ್ ಮಾಡಾಕತ್ತಿ?"

ಪಾನಾ ಠಣ್ಣೆಂದು ಬಿತ್ತು. ಸುಶೀಲವ್ವ ಸೆರಗಿನಿಂದ ಬಾಯಿ ಮುಚ್ಚಿಕೊಂಡು ಅಳತೊಡಗಿದಳು.

"ಇವತ್ತು ಅಣ್ಣಿಗೇರಿ ಗಂಡಿನವರು ನಿನ್ನ ನೋಡಾಕ ಬರಾವ್ರು... ಅವರ ಮಂದಿ ವಾರದಿಂದ ಸ್ಟೇಷನ್ ರಸ್ತೇದಾಗ ಅಡ್ಡಾಡಾಕತ್ತಾರ. ಸೀಟು ಕೆಳಗಿದ್ರ ನೀ ಗಿಡ್ಡ ಕಾಣ್ತಿ ಅಂತ..."

ಮಲ್ಲಕ್ಕನಿಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ. "ಯವ್ವಾ, ಸೈಕಲ್ ಮ್ಯಾಲಿಂದ ಒಂದಿಲ್ಲೊಂದಿನ ಇಳೀತೀನಲ್ಲ? ಆವಾಗ ನನ್ನ ಕಾಲು ಎಲ್ಲಿ ಬಚ್ಚಿಡ್ತಿ?"

ಸುಶೀಲವ್ವ ಬಿದ್ದ ಪಾನಾವನ್ನು ಸೆರಗಿನ ಮರೆಗೆ ಸರಿಸಿಕೊಂಡಳು.

"ಈ ಪಾನಾ ಎಲ್ಲಿಂದ ಬಂತು?"

"ಶಂಭುಲಿಂಗಪ್ಪಂದು. ಪಂಪಸೆಟ್ಟಿಗೆ ಬೇಕಂತ ಸುಳ್ಳು ಹೇಳಿ ತಂದೆ. ನಾಕ ದಿನಕ್ಕ ಅವಂಗ ತಿಳೀತು. ಹಿಂಗ ಮಾಡಬ್ಯಾಡ್ರಿ ಯವ್ವಾ, ಆಕಿ ಮಣಕಾಲು ಹೋಗ್ತಾವು ಅಂತ ಕೈ ಮುಗದ. ನನ್ನ ಮಗಳಿಗೆ ಹೇಳಬ್ಯಾಡಪಾ, ಹಡದವ್ವನ ಮ್ಯಾಲ ಮನಸ್ಸು ಮುರೀತೈತಿ ಅಂತ ನಾನ ಆಣಿ ಹಾಕಿಸ್ಕೊಂಡೆ..."

ಮಲ್ಲಕ್ಕನಿಗೆ ನಿನ್ನೆಯ ಅವನ ಮಾತು ನೆನಪಾಯಿತು. ತಪ್ಪು ನಂದ ಬಾಯಾರ... ಅಯ್ಯೋ! ತಾನು ಎಂಥ ಮಾತು ಆಡಿಬಂದೆ!

"ಅಣ್ಣಿಗೇರಿಯವರಿಗೆ ಬರಬ್ಯಾಡ್ರಿ ಅಂತ ಹೇಳಿ ಕಳಸು, ಯವ್ವಾ. ನಾ ಇನ್ನ ಬಗ್ಗಿ ಕುಂದ್ರಾಕಿ ಅಲ್ಲ."

ಶಂಭುಲಿಂಗಪ್ಪ ಆಗಷ್ಟೇ ಅಂಗಡಿಯ ಬಾಗಿಲು ತೆರೆಯುತ್ತಿದ್ದ. ಲಸಿಕೆ ಡಬ್ಬಿ ಕಟ್ಟಿದ ಸೈಕಲ್ಲಿನಿಂದ ಇಳಿದ ಮಲ್ಲಕ್ಕ ಪಾನಾವನ್ನು ಅವನ ಮುಂದೆ ಹಿಡಿದಳು. ಅವನಿಗೆ ಎಲ್ಲ ಅರ್ಥವಾಯಿತು.

"ಸುಳ್ಳು ಯಾಕ ಹೇಳಿದ್ರಿ? ನಿಮ್ಮ ಕೈಗೆ ನೀವ ಹೆಸರು ಕೆಡಿಸ್ಕೊಂಡ್ರಲ್ಲ!"

"ಹಿರ್ಯಾರು ಆಣಿ ಹಾಕಿಸಿದ್ರು. ಮತ್ತ... ನಿಮಗ ಅವ್ವನ ಮ್ಯಾಲ ಸಿಟ್ಟು ಬರೂದಕ್ಕಿಂತ ನನ್ನ ಮ್ಯಾಲ ಬಂದ್ರ ಚಲೋ ಅನಿಸ್ತು."

"ನಿಮಗೇನೂ ಅನಸಲಿಲ್ಲ?"

"ಅನಸ್ತ್ರಿ," ಅಂದ ಅವನು. "ನೀವು ಉದ್ದಂತ ನಾ ಚಾಷ್ಟಿ ಮಾಡ್ತೀನಿ ಅಂದ್ರಲ್ಲ, ಅದು ನೋವಾತು. ನೀವು ನೆಟ್ಟಗ ಕುಂತು ಹೊಂಟ್ರ, ತಿರುವು ದಾಟೂತನಕ ನೋಡ್ಕೋತ ನಿಂದ್ರತೀನಿ ನಾನು. ಹೇಳೂ ಧೈರ್ಯ ಎಲ್ಲಿಂದ ಬರಬೇಕು? ಬಾಜೂ ನಿಂತ್ರ ನಿಮ್ಮ ಹುಬ್ಬಿಗೂ ಮುಟ್ಟಂಗಿಲ್ಲ ನಾ. ಮಂದಿ ಏನಂದಾರು?"

ಮಲ್ಲಕ್ಕನ ಕಣ್ಣು ತುಂಬಿದವು. ಇಷ್ಟು ದಿನ ಎತ್ತರಕ್ಕಾಗಿ ಬಾಗಿದವಳು ಅವಳು. ಗಿಡ್ಡನೆಂದು ಕುಗ್ಗಿದವನು ಇವನು. ಎಂಥ ಜೋಡಿ!

ಅವಳು ಕಣ್ಣೊರೆಸಿಕೊಂಡು ಸೈಕಲ್ಲನ್ನು ಅವನ ಕಡೆ ಸರಿಸಿದಳು.

"ಸೀಟು ಕಂಕುಳದಾಗ ಇಟಗೊಂಡು ಕೈ ಚಾಚ್ರಿ."

"ನಾನಾ? ಯಾಕ್ರಿ?"

"ಚಾಚ್ರಿ ಅಂದ್ರ ಚಾಚ್ರಿ."

ಅವನು ಕೈ ಚಾಚಿದ. ಮಲ್ಲಕ್ಕ ಸ್ಟೇಷನ್ನಿನ ಕಡೆ ಮುಖ ತಿರುಗಿಸಿ ನಿಂತಳು. ಅವನ ಬೆರಳು ಅಚ್ಚಿಗೆ ತಾಗುವಷ್ಟು ಸೀಟು ಇಳಿಸಿದ ಮೇಲೆ, ಅವಳೇ ಅರ ತೆಗೆದುಕೊಂಡು ಪೈಪಿನ ಮೇಲೆ ಇನ್ನೊಂದು ಗೀಟು ಎಳೆದಳು. ಗೀಟು ಸೊಟ್ಟಗೆ ಬಂತು. ಬರಲಿ!

"ಈಗ ಸೀಟು ನನ್ನ ಅಳತಿಗೆ ಏರಸ್ರಿ."

ಅವನು ಏರಿಸಿದ. ಎರಡೂ ಗೀಟು ಹೊರಗೆ ಕಂಡವು. ಅವಳದು ಕೆಳಗೆ, ಫ್ರೇಮಿನ ಬಾಯಲ್ಲಿ. ಅವನದು ಅದರ ಮೇಲೆ, ಸೀಟಿನ ಹತ್ತಿರ.

"ನೋಡ್ರಿ," ಅಂದಳು ಮಲ್ಲಕ್ಕ. "ಇಲ್ಲಿ ನೀವ ಮ್ಯಾಲ ಅದೀರಿ."

ಶಂಭುಲಿಂಗಪ್ಪ ಆ ಎರಡೂ ಗೀಟುಗಳ ಮೇಲೆ ಬೆರಳಾಡಿಸಿದ. ಅವನ ಕಣ್ಣಂಚಿನಲ್ಲಿ ನೀರು, ತುಟಿಯಲ್ಲಿ ನಗು.

"ಬಾಯಾರ... ಒಂದ ಸೈಕಲ್ಲಿಗೆ ಎರಡು ಗುರುತು ಒಂದ ಮನ್ಯಾಗಿದ್ದವರಿಗೆ ಇರತಾವ್ರಿ."

"ನನಗ ಗೊತ್ತಿಲ್ಲೇನು? ಅದಕ್ಕ ಹಾಕೀನಿ. ಮತ್ತ ಬಾಯಾರ ಅನ್ನೂದು ಬಿಡ್ರಿ. ಮಲ್ಲಕ್ಕ ಅನ್ರಿ."

"ಲೇಡೀಸ್ ಸೈಕಲ್ ನಾ ಹೊಡದ್ರ ಮಂದಿ ನಗ್ತಾರಲ್ಲ, ಮಲ್ಲಕ್ಕ?"

"ನಗಲಿ. ನನಗ ರೂಢಿ ಐತಿ, ನಿಮಗೂ ಕಲಸ್ತೀನಿ."

ಅವಳು ಸೈಕಲ್ ಹತ್ತಿದಳು. ಹರಕುಣಿಯ ಹದಿನೇಳು ಮಕ್ಕಳು ಕಾಯುತ್ತಿದ್ದರು. ಹಿಂದಿನಿಂದ ಅವನು ಕೂಗಿ ಕೇಳಿದ.

"ಸಂಜೀಕ ನಿಮ್ಮ ಮನೀಗೆ ಬಂದು ಅವ್ವನ ಕೂಡ ಮಾತಾಡ್ಲೇನು?"

ಮಲ್ಲಕ್ಕ ಬೆನ್ನು ನೆಟ್ಟಗೆ ಮಾಡಿ, ತಿರುಗಿ ನೋಡಿ ನಕ್ಕಳು.

"ಬರ್ರಿ. ಬರೂ ಮುಂದ ಪಾನಾ ಅಂಗಡ್ಯಾಗ ಕೀಲಿ ಹಾಕಿ ಬರ್ರಿ!"