ಸೈದಾಬಿಯ ಠೇವಣಿ

ಹನ್ನೆರಡು ವರ್ಷ ಮಂದಿಯ ರೊಕ್ಕ ಕಾದರೂ ಗುರಲಿಂಗಪ್ಪನಿಗೆ ಸಿಂದಗಿಯಲ್ಲಿ ಸ್ವಂತ ಮನೆ ಆಗಿರಲಿಲ್ಲ. ಅವನ ಪತ್ತಿನ ಸಂಘದಿಂದ ಸಾಲ ಎತ್ತಿದವರು ಮಾಳಿಗೆ ಮೇಲೆ ಮಾಳಿಗೆ ಕಟ್ಟಿಸಿ, ವಾಸ್ತುಶಾಂತಿಗೆ ಅವನನ್ನೇ ಕರೆದು, ಕಡೆಯ ಪಂಕ್ತಿಯಲ್ಲಿ ಊಟಕ್ಕೆ ಕೂರಿಸುತ್ತಿದ್ದರು. ಅಧ್ಯಕ್ಷನೆಂಬ ಹೆಸರಿಗೆ ಇಷ್ಟೇ ಬೆಲೆ. ಅವನ ಹೊಟ್ಟೆಯುರಿಗೆ ಎಣ್ಣೆ ಹೊಯ್ದವನು ಬಸವನ ಬಾಗೇವಾಡಿಯ ವಕೀಲ, ಸಾಲಿಯಲ್ಲಿ ಕೂಡಿ ಓದಿದ ಗೆಳೆಯ ಕಾಂತು. ಯಾರದೋ ಕೇಸಿನ ಮಾತು ಬಂದಾಗ, ಚಹಾ ಕುಡಿಯುತ್ತ ಸುಮ್ಮನೆ ಅಂದ:

“ಠೇವಣಿ ತಿರುಗಿ ಕೊಡಾಕ ಆಗಲಿಲ್ಲ ಅಂದ್ರ ಅದು ಬರೇ ಬಾಕಿ. ಮಂದಿ ಸಿವಿಲ್ ಕೋರ್ಟಿಗೆ ಅಲೀತಾರ. ಕೊಡಬಾರದು ಅಂತ ಮೊದಲ ಮನಸಿನ್ಯಾಗ ಇಟ್ಕೊಂಡು ಇಸ್ಕೊಂಡಿದ್ರ ಅದು ಮೋಸ, ಅದಕ್ಕ ಜೇಲು. ಆದ್ರ ಮನಸಿನ್ಯಾಗಿಂದು ಯಾರ್ ನೋಡ್ಯಾರೋ ಮಾರಾಯಾ?”

ಬಾಗೇವಾಡಿಯಿಂದ ತಿರುಗಿ ಹೊರಟ ಬಸ್ಸು ಸಿಂದಗಿ ಮುಟ್ಟುವ ಹೊತ್ತಿಗೆ ಗುರಲಿಂಗಪ್ಪ ಎಲ್ಲವನ್ನೂ ಹೊಂದಿಸಿಬಿಟ್ಟಿದ್ದ.

ಸಂಘ ಮುಳುಗಬೇಕು, ಮುಳುಗಿಸಿದಂತೆ ಕಾಣಬಾರದು. ಹೆಂಡತಿಯ ತಮ್ಮ ಪರಶು ಇಂಡಿಯಲ್ಲಿ ಲಿಂಬೆಕಾಯಿ ವ್ಯಾಪಾರಿ. ಅವನ ಹೆಸರಿಗೆ ದೊಡ್ಡ ಸಾಲ ಹೋಗಬೇಕು, ಅಲ್ಲಿಂದ ಸದ್ದಿಲ್ಲದೆ ಸೊಲ್ಲಾಪುರದ ಒಂದು ಬಂಗಲೆಗೆ. ಲಿಂಬೆಯ ದರ ಬೀಳುವುದು ಆ ಸೀಮೆಗೆ ಹೊಸದಲ್ಲ, ನಷ್ಟವನ್ನು ಯಾರೂ ಅನುಮಾನಿಸುವುದಿಲ್ಲ. ತನ್ನ ಪಗಾರದ ಉಳಿತಾಯವನ್ನೂ ಗುರಲಿಂಗಪ್ಪ ಸಂಘದಲ್ಲೇ ಬಿಟ್ಟ. ಹೆಂಡತಿಗೆ ಹೇಳಲಿಲ್ಲ, ಅವಳ ಅಳು ನಿಜವಾಗಿಯೇ ಇರಲಿ ಎಂದು. ಊರು ಬಿಟ್ಟು ಓಡುವ ವಿಚಾರವಂತೂ ಇರಲೇ ಇಲ್ಲ. ಓಡಿದವನನ್ನು ಕಳ್ಳ ಅನ್ನುತ್ತಾರೆ, ಕುರ್ಚಿಯಲ್ಲೇ ಕೂತು ಅಳುವವನನ್ನು ಪಾಪ ಅನ್ನುತ್ತಾರೆ. ಅವನಿಗೆ ಪಾಪ ಅನ್ನಿಸಿಕೊಳ್ಳುವುದು ಬೇಕಾಗಿತ್ತು.

ಬಂಗಲೆಗೆ ಇನ್ನೂ ಸ್ವಲ್ಪ ಕಡಿಮೆ ಬಿದ್ದಿತ್ತು. ಯುಗಾದಿಗೆ ಹೆಚ್ಚಿನ ಬಡ್ಡಿಯ ಹೊಸ ಠೇವಣಿ ಸಾರಿದ. ಮಂದಿ ಬರಬೇಕಾದರೆ ಬೋಣಿಗೆ ಸೈದಾಬಿಯದೇ ಆಗಬೇಕು.

ಸೈದಾಬಿ ಅವನ ಓಣಿಯ ಬಳೆಗಾರರ ಮನೆಯ ಮುದುಕಿ. ಅವನು ಹುಟ್ಟಿದಾಗ ತಾಯಿ ಜ್ವರದಿಂದ ಹಾಸಿಗೆ ಹಿಡಿದಿದ್ದಳು. ತನ್ನ ಮಗ ಯುನೂಸನ ಜೊತೆ ಇವನಿಗೂ ಹಾಲು ಕುಡಿಸಿದವಳು ಸೈದಾಬಿಯೇ. ಅವಳ ಕೈಗುಣ ಓಣಿಗೆಲ್ಲ ಗೊತ್ತು. ಯಾರು ಅಂಗಡಿ ತೆಗೆದರೂ ಮೊದಲ ರೊಕ್ಕ ಅವಳ ಕೈಯಿಂದಲೇ ಬೀಳಬೇಕು. ಯುಗಾದಿಯ ಮುಂಜಾನೆ ಅವಳು ಉಮ್ರಾ ಯಾತ್ರೆಗೆಂದು ಕೂಡಿಟ್ಟದ್ದನ್ನೆಲ್ಲ ಸೆರಗಿನಿಂದ ಬಿಚ್ಚಿ ಎಲ್ಲರ ಎದುರು ಇಟ್ಟಳು. ಹಿಂದೆಯೇ ಇಡೀ ಓಣಿ ಬಂತು. ಕಾಯಿಪಲ್ಲೆ ಮಾರುವ ದುರ್ಗವ್ವ ಮಗಳ ನರ್ಸಿಂಗ್ ಫೀಸಿನ ರೊಕ್ಕ ತಂದಳು. ಸುದ್ದಿ ಹಬ್ಬಿ ಮುದ್ದೇಬಿಹಾಳದ ಶಾಖೆಯಲ್ಲೂ ಸಾಲು ಹತ್ತಿತು.

ಸಂಜೆ ಸೈದಾಬಿಯ ಮನೆಗೊಮ್ಮೆ ಹೋಗಿ, ಶಾವಿಗೆ ಹಾಲಿನ ಸುರಕುಂಬಾ ಕುಡಿದು ಬಂದ ಗುರಲಿಂಗಪ್ಪನಿಗೆ ಎದೆ ಹಗುರಾಯಿತು. ಆ ವರ್ಷದಲ್ಲಿ ಅವನು ನೆಮ್ಮದಿಯಿಂದ ನಿದ್ದೆ ಮಾಡಿದ್ದು ಅದೊಂದೇ ದಿನ.

ದಸರಾ ಮುಗಿಯುತ್ತಲೇ ಪರಶು ಕೈಯೆತ್ತಿದ, ಸಂಘ ಬಾಗಿಲು ಹಾಕಿತು. ಮಂದಿ ಗುರಲಿಂಗಪ್ಪನನ್ನು ಅಂಗಿ ಹಿಡಿದು ಠಾಣೆಗೆ ಎಳೆದೊಯ್ದರು. ಅವನು ಬಿಡಿಸಿಕೊಳ್ಳಲಿಲ್ಲ. ಎಲ್ಲ ಅಂದುಕೊಂಡ ಹಾಗೆಯೇ ನಡೆದಿತ್ತು.

“ಯುಗಾದಿಗೆ ರೊಕ್ಕ ಇಸ್ಕೊಳ್ಳೂವಾಗ ಸಂಘ ಮುಳಗೂದು ನಿಮಗ ಗೊತ್ತಿತ್ತೇನು?” ಎಂದು ಇನ್‌ಸ್ಪೆಕ್ಟರ್ ಕೇಳಿದ.

“ಇಲ್ರೀ ಸಾಹೇಬ್ರ. ಅವಾಗ ಗಟ್ಟಿ ಇತ್ರಿ. ಲಿಂಬಿ ದರ ಬಿದ್ದು ನಾನೂ ಬೀದಿಗೆ ಬಿದ್ದೇನ್ರಿ.”

ಇನ್‌ಸ್ಪೆಕ್ಟರ್ ಉಸಿರು ಬಿಟ್ಟು, ಮಂದಿಗೆ ಕಾಂತು ಹೇಳಿದ್ದನ್ನೇ ಹೇಳಿದ: ಸಿವಿಲ್ ಕೋರ್ಟಿಗೆ ಹೋಗಿ. ಹೇಳಿ ಕುರ್ಚಿಯಿಂದ ಎದ್ದ.

“ಕಳ್ಳ! ನನ್ನ ಮಗಳ ಬಾಳೇವು ನುಂಗಿದ ಕಳ್ಳ!” ಎಂದು ದುರ್ಗವ್ವ ಚೀರಿದಳು. ಸೈದಾಬಿಗೆ ಅದನ್ನು ತಾಳಲಾಗಲಿಲ್ಲ. ಮಂದಿಯನ್ನು ಸರಿಸಿ ಮುಂದೆ ಬಂದಳು. “ಇವ ನಾ ಹಾಲು ಕುಡಿಸಿದ ಮಗಾರಿ, ಕಳ್ಳ ಅಲ್ಲ! ಯುಗಾದಿ ದಿನಾ ನಾನೂ ಇಟ್ಟಿದ್ದೆ. ಅವತ್ತ ಸಂಜೀಕ ಮನಿಗೆ ಬಂದು, ‘ಅಮ್ಮಾ, ಸಂಘ ದೀಪಾವಳಿತನಾ ಉಳಿಯೂದಿಲ್ಲ, ನಿನ್ನದು ನೀ ಇಟ್ಕೋ’ ಅಂತ ಪೂರಾ ತಿರುಗಿ ಕೊಟ್ಟಾನ್ರಿ. ಕಳ್ಳರು ಹಿಂಗ ಮಾಡ್ತಾರೇನ್ರಿ?” ಎದ್ದಿದ್ದ ಇನ್‌ಸ್ಪೆಕ್ಟರ್ ಮತ್ತೆ ಕೂತ. ಮುದುಕಿಗೊಂದು ಕುರ್ಚಿ ಹಾಕಿಸಿ, “ಕುಂಡ್ರಿ ಅಮ್ಮಾರ, ಅವ ಏನಂದ ಅನ್ನೂದು ಇನ್ನೊಮ್ಮೆ ಸಾವಕಾಶ ಹೇಳ್ರಿ” ಎಂದ.