ದೊಡ್ಡಉಳ್ಳಾರ್ತಿ ಕಾವಲಿನ ಪಟ

೧೯೨೬ನೇ ಇಸವಿ ಫೆಬ್ರವರಿ ೯, ಮಂಗಳವಾರ, ಬೆಳಿಗ್ಗೆ ಎಂಟೂವರೆಗೆ ಸೂರಮ್ಮ ಚಳ್ಳಕೆರೆ ಠಾಣೆಯ ಮೆಟ್ಟಿಲು ಹತ್ತಿದಳು. ದನ ಮೇಯುವ ದೊಡ್ಡಉಳ್ಳಾರ್ತಿ ಕಾವಲಿನ ಪಕ್ಕದ ಹಟ್ಟಿಯಿಂದ ನಡೆದೇ ಬಂದಿದ್ದಳು. ಅವಳ ಗಂಡ ಬೋರಣ್ಣ ಹಟ್ಟಿಯ ದೇವರ ಎತ್ತುಗಳನ್ನು ಕಾಯುವ ಕಿಲಾರಿ. ಹಿಂದಿನ ದಿನ ಮಧ್ಯಾಹ್ನ ಅದೇ ಎತ್ತುಗಳ ಕಾಲಡಿ ಸತ್ತಿದ್ದ.

"ಯಾರ ಮೇಲೆ ದೂರು?" ಇನ್ಸ್‌ಪೆಕ್ಟರ್ ತೋಟಪ್ಪ ಕೇಳಿದರು.

"ಗೊತ್ತಿಲ್ಲ ಸ್ವಾಮಿ. ಎತ್ತು ತಾವಾಗೇ ಅವ್ನನ್ನ ತುಳಿಯಾಕಿಲ್ಲ."

"ಹಟ್ಟಿಯವರು ಏನಂತಾರೆ?"

"ದೇವರ ಎತ್ತು ಕಿಲಾರಿನ ತುಳಿದೈತೆ ಅಂದ್ರೆ ಅವ್ನು ಮೈಲಿಗೆ ಮಾಡ್ಯಾನೆ ಅಂತಾರೆ. ಹೆಣ ಒಳಕ್ಕೆ ಬಿಡ್ಲಿಲ್ಲ. ಮಕ್ಳನ್ನ ಕರ್ಕೊಂಡು ಮೂರು ದಿನದಾಗೆ ಹಟ್ಟಿ ಬಿಡು ಅಂದವ್ರೆ."

ತೋಟಪ್ಪ ಎಫ್.ಐ.ಆರ್. ಬರೆಸಿದರು. ದಫೇದಾರ ಕ್ಯಾತಣ್ಣನನ್ನು ಕರೆದುಕೊಂಡು ಹನ್ನೊಂದಕ್ಕೆ ಹಟ್ಟಿ ತಲುಪಿದರು. ಹೆಣ ಮುಳ್ಳುಬೇಲಿಯ ಆಚೆ ಬಿಸಿಲಲ್ಲಿ ಬಿದ್ದಿತ್ತು. ನಾಯಿ ಓಡಿಸಲು ಬೋರಣ್ಣನ ಅವ್ವ ಕಲ್ಲು ಹಿಡಿದು ಪಕ್ಕದಲ್ಲೇ ಕೂತಿದ್ದಳು. ಊರಿಗೆ ಊರೇ ಬೇಲಿಯ ಈಚೆ ನಿಂತು ನೋಡುತ್ತಿತ್ತು. ಒಬ್ಬರೂ ಒಂದು ಚೆಂಬು ನೀರು ಕೊಟ್ಟಿರಲಿಲ್ಲ.

ಪಂಚನಾಮೆಯಲ್ಲಿ ಎರಡು ಸಂಗತಿ ದಾಖಲಾದವು. ಬಲ ಕಣಕಾಲಿನ ಸುತ್ತ ಹಗ್ಗ ಉಜ್ಜಿ ಚರ್ಮ ಸುಲಿದಿತ್ತು. ಸತ್ತ ಜಾಗದಲ್ಲಿ ಗೂಟ ಕಿತ್ತು ಹೊಸ ಮಣ್ಣು ತುಂಬಿದ ಗುಳಿ ಇತ್ತು. ಅಲ್ಲಿಂದ ಒಂದು ಫರ್ಲಾಂಗು ದೂರಕ್ಕೆ ಹುಲ್ಲು ಸುಟ್ಟು ಕರಕಾಗಿತ್ತು, ಎಡಕ್ಕೆ ಎರಡಾಳು ಆಳದ ಹಳ್ಳ. ಬೆಂಕಿಗೆ ಬೆದರಿದ ಎತ್ತುಗಳ ಗೊರಸಿನ ಗುರುತು ಮೊದಲು ಹಳ್ಳದತ್ತ ಹೋಗಿ, ಆಮೇಲೆ ಒಮ್ಮೆಗೇ ಗೂಟದ ಕಡೆ ತಿರುಗಿತ್ತು. ಯಾಕೆ ತಿರುಗಿದವು ಎಂದು ದನಗಳ ನಡುವೆಯೇ ಬೆಳೆದ ಕ್ಯಾತಣ್ಣನಿಗೂ ತಿಳಿಯಲಿಲ್ಲ. ಹೆಣವನ್ನು ಚಳ್ಳಕೆರೆ ಆಸ್ಪತ್ರೆಗೆ ಸಾಗಿಸಿದರು, ಅವ್ವನೂ ಜೊತೆಗೇ ಹೋದಳು.

ಬೋರಣ್ಣ ಸತ್ತ ಹೊತ್ತಿನಲ್ಲಿ ಕಾವಲಿನಲ್ಲಿ ಇದ್ದವನು ಇನ್ನೊಬ್ಬನೇ, ಚಳ್ಳಕೆರೆಯ ಎಣ್ಣೆ ವ್ಯಾಪಾರಿಗಳ ಮನೆಯ ಮುರುಗೇಂದ್ರಪ್ಪ. ಅಂಗಡಿ ಬಿಟ್ಟು ಬೊಂಬಾಯಿಗೆ ಹೋಗಿ, ಕೈಯಲ್ಲಿ ಹಿಡಿ ತಿರುಗಿಸಿ ಚಲಿಸುವ ಪಟ ತೆಗೆಯುವ ಯಂತ್ರ ತಂದವನು. ಯಾವ ಕಂಪನಿಯ ಹಂಗೂ ಬೇಡವೆಂದು ಕತೆ, ಛಾಯಾಗ್ರಹಣ, ನಿರ್ದೇಶನ ಎಲ್ಲ ತಾನೇ ಮಾಡುತ್ತಿದ್ದ. ಮೂರು ಗಂಟೆಗೆ ಅವನ ವಿಚಾರಣೆ ಆಯಿತು.

"ಬೋರಣ್ಣ ಎಲ್ಲಿದ್ದ?"

"ನನ್ನ ಪಕ್ಕದಾಗೆ. ಹುಲ್ಲಿಗೆ ಬೆಂಕಿ ಬಿದ್ದಿದ್ದು ಕಂಡು ದನದ ಕಡೆ ಓಡಿದ."

"ನೀವು?"

"ಹಿಡಿ ಬಿಟ್ಟು ಹಿಂದೇನೇ ಓಡಿದೆ."

"ತೆಗೆದ ಪಟ?"

"ಡಬ್ಬಿ ಬಿದ್ದು ಬೆಳಕು ತಗುಲ್ತು. ಹಾಳಾಯ್ತು."

ತೋಟಪ್ಪ ಅವನ ಕೈ ನೋಡುತ್ತಿದ್ದರು. ಉಗುರುಗಳು ಕಪ್ಪಾಗಿದ್ದವು. ಚಿತ್ರದುರ್ಗದ ಫೋಟೋದವರ ಕೈಯಲ್ಲಿ, ಪಟ ತೊಳೆಯುವ ಔಷಧಿಯಿಂದ ಆಗುವ ಅಂಥ ಉಗುರನ್ನು ಅವರು ಕಂಡಿದ್ದರು. ಹಾಳಾದ ಪಟವನ್ನು ಯಾರೂ ತೊಳೆಯುವುದಿಲ್ಲ. ಅವನನ್ನು ಅಲ್ಲೇ ಕೂರಿಸಿ, ಅವನ ಕುದುರೆಗಾಡಿಯವನನ್ನು ಕರೆಸಿದರು. ಹಿಂದಿನ ಸಂಜೆ ಧಣಿಯನ್ನು ಮೊಳಕಾಲ್ಮುರುವಿನ ಒಂದು ಬಣ್ಣದ ಮನೆಗೆ ಕರೆದುಕೊಂಡು ಹೋಗಿ ಬೆಳಿಗ್ಗೆ ಕರೆತಂದೆ ಎಂದು ಅವನು ಹೇಳಿದ.

ಬುಧವಾರ ಬೆಳಿಗ್ಗೆ ಏಳಕ್ಕೆ ಮೊಳಕಾಲ್ಮುರುವಿನಲ್ಲಿ ರೇಷ್ಮೆಗೆ ಬಣ್ಣ ಹಾಕುವ ಬೊಮ್ಮಲಿಂಗಪ್ಪನ ಮನೆಯ ಶೋಧ ನಡೆಯಿತು.

"ಕತ್ತಲ ಕೋಣೆ, ನೀರಿನ ಬಾನಿ, ಎರಡೂ ಬೇಕು ಅಂದ್ರು. ಬಾಡಿಗೆಗೆ ಕೊಟ್ಟೆ," ಅಂದ ಬೊಮ್ಮಲಿಂಗಪ್ಪ. "ಏನು ತೊಳೀತಾರೋ ನಾನ್ಯಾಕೆ ಕೇಳ್ಲಿ?"

ಕೆಂಪು ರೇಷ್ಮೆ ಲಡಿಗಳ ನಡುವೆ, ನೂಲು ಒಣಗಿಸುವ ಗಳುವಿಗೆ ಆ ಪಟ ಸುತ್ತಿತ್ತು. ಒಂದು ಬೆಂಕಿಕಡ್ಡಿ ಗೀರಿದ್ದರೆ ಗುರುತೂ ಉಳಿಯುತ್ತಿರಲಿಲ್ಲ. ಕಳ್ಳನಾದವನು ಸಾಕ್ಷಿ ಸುಡುತ್ತಾನೆ. ಈ ಪುಣ್ಯಾತ್ಮ ಅದನ್ನು ನಾಜೂಕಾಗಿ ತೊಳೆದು, ತೋರಿಸಲು ಪ್ರತಿಯನ್ನೂ ತೆಗೆದಿಟ್ಟಿದ್ದ.

ಗುರುವಾರ, ಸೂರಮ್ಮನ ಗಡುವಿನ ಕೊನೆಯ ದಿನ. ಮಧ್ಯಾಹ್ನ ಎರಡಕ್ಕೆ ಹಟ್ಟಿಯ ಯಜಮಾನ ದೊಡ್ಡಪಾಲಯ್ಯನನ್ನೂ ನಾಲ್ವರು ಹಿರಿಯರನ್ನೂ ಠಾಣೆಗೆ ಕರೆಸಿದರು. ಕಿಟಕಿಗಳಿಗೆ ಕಂಬಳಿ ಹೊದಿಸಿ, ಗೋಡೆಗೆ ಬಿಳಿ ಪಂಚೆ ಕಟ್ಟಿದರು. ಪಟ ತೋರಿಸುವ ಯಂತ್ರ ಮುರುಗೇಂದ್ರಪ್ಪನದೇ, ಅದನ್ನು ನಡೆಸಲು ಊರಲ್ಲಿ ಇನ್ನಾರಿಗೂ ಬಾರದು. ಅವನೇ ಹಿಡಿ ತಿರುಗಿಸಬೇಕಾಯಿತು. ಸೂರಮ್ಮ ಬಾಗಿಲ ಬಳಿ ನಿಂತಳು. ಹೊರಗಿರು ಎಂದರೂ ಹೋಗಲಿಲ್ಲ.

ಪಂಚೆಯ ಮೇಲೆ ಬೋರಣ್ಣ ಕಾಣಿಸಿದ. ಬಲಗಾಲು ಗೂಟಕ್ಕೆ ಕಟ್ಟಿತ್ತು. ಹಿಂದೆ ಹೊಗೆ ಎದ್ದಿತು, ಎತ್ತುಗಳು ಹಳ್ಳದತ್ತ ನುಗ್ಗಿದವು. ಬೋರಣ್ಣ ಹಗ್ಗ ಎಳೆದಾಡಿದ. ಆಮೇಲೆ ಹಗ್ಗ ಬಿಟ್ಟು ನೆಟ್ಟಗೆ ನಿಂತು, ಎರಡೂ ಕೈ ಬಾಯಿಗೆ ಹಿಡಿದ.

"ಏನು ಮಾಡ್ತಿದಾನೆ?" ತೋಟಪ್ಪ ಕೇಳಿದರು.

"ಕರೀತಾ ಅವ್ನೆ," ಅಂದ ದೊಡ್ಡಪಾಲಯ್ಯ. "ಹಳ್ಳಕ್ಕೆ ಬೀಳ್ತಾವಲ್ಲ ಅಂತ ತನ್ನ ಕಡೀಕೆ ಕರೀತಾ ಅವ್ನೆ. ಅವ್ನ ಕೂಗಿಗೆ ಎಲ್ಲಿದ್ರೂ ಬರ್ತಾವೆ."

ಎತ್ತುಗಳು ತಿರುಗಿದವು, ಬಂದವು. ಬೆದರಿದ ನೂರಾರು ಕಾಲುಗಳಿಗೆ ನಿಲ್ಲಲಾಗಲಿಲ್ಲ. ಕೊನೆಯ ಎತ್ತು ದಾಟಿ ಧೂಳು ಅಡಗುವವರೆಗೂ ಪಟ ಎಲ್ಲೂ ಅಲುಗಲಿಲ್ಲ. ಹಿಡಿ ಬಿಟ್ಟು ಓಡಿದವನ ಪಟ ಹಾಗಿರುವುದಿಲ್ಲ.

ಕ್ಯಾತಣ್ಣ ಕಂಬಳಿ ಸರಿಸಿದ. ಹಿರಿಯರು ತಲೆ ಎತ್ತಲಿಲ್ಲ.

"ಒಂದು ಎತ್ತೂ ಹಳ್ಳಕ್ಕೆ ಬೀಳ್ಲಿಲ್ಲ," ಅಂದ ದೊಡ್ಡಪಾಲಯ್ಯ. "ಸೂರಮ್ಮ, ಮನೆಗೆ ನಡಿ. ಕಿಲಾರಿ ಮರ್ಯಾದೆಲೇ ಮಣ್ಣು ಮಾಡಾಣ."

"ಇಪ್ಪತ್ತು ವರ್ಸ ಕಣ್ಣೆದುರಿಗೇ ಇದ್ದ. ಆಗ ನಂಬ್ಲಿಲ್ಲ," ಅಂದಳು ಸೂರಮ್ಮ. "ಪಂಚೆ ಮ್ಯಾಲೆ ಕಂಡ್ಮೇಲೆ ನಂಬಿದ್ರಿ."

ಅವಳು ಆಸ್ಪತ್ರೆಯಲ್ಲಿ ಹೆಣದ ಪಕ್ಕ ಕೂತಿದ್ದ ಅತ್ತೆಯ ಬಳಿಗೆ ಹೊರಟುಹೋದಳು.

ಮೂರು ಗಂಟೆ ಹತ್ತು ನಿಮಿಷಕ್ಕೆ ಮುರುಗೇಂದ್ರಪ್ಪನ ದಸ್ತಗಿರಿಯಾಯಿತು. ಅವನು ಏನನ್ನೂ ಅಲ್ಲಗಳೆಯಲಿಲ್ಲ. ದೇವರ ಎತ್ತುಗಳ ಪಟ ಗುಡಿಗೆ ಕೊಡುತ್ತೇನೆಂದು ಬೋರಣ್ಣನನ್ನು ಒಪ್ಪಿಸಿದ್ದು, ಸೆರೆಯಾಳಿನ ವೇಷವೆಂದು ಕಾಲು ಕಟ್ಟಿದ್ದು, ಎತ್ತುಗಳ ಹಿಂದೆ ಹುಲ್ಲಿಗೆ ಬೆಂಕಿ ಹಚ್ಚಿ ಬಂದು ಯಂತ್ರದ ಹಿಂದೆ ನಿಂತದ್ದು, ಆಮೇಲೆ ಹಗ್ಗ ಬಿಚ್ಚಿ ಗೂಟ ಕಿತ್ತು ಗುಳಿ ಮುಚ್ಚಿದ್ದು, ಎಲ್ಲವನ್ನೂ ಕ್ರಮವಾಗಿ ಹೇಳಿದ.

"ಅವನು ಕರೀತಾನೆ ಅಂತ ಗೊತ್ತಿತ್ತಾ?"

"ಮೂರು ದಿನ ನೋಡಿದ್ದೆ. ಎತ್ತಿಗೆ ಏಟು ಬೀಳೋದು ಅವನಿಗೆ ತಡಿಯೋಕಾಗ್ತಿರ್ಲಿಲ್ಲ. ಕರೆದೇ ಕರೀತಾನೆ ಅಂತ ಗೊತ್ತಿತ್ತು."

"ಯಾಕೆ ಮಾಡಿದೆ?"

ಆರು ವರ್ಷ ದುಡಿದು ತೆಗೆದ ತನ್ನ ಮೊದಲ ಚಿತ್ರವನ್ನು ದಾವಣಗೆರೆಯ ಡೇರೆಯಲ್ಲಿ ತೋರಿಸಿದ್ದನಂತೆ. ಕತೆಯ ನಾಯಕ ಸಾಯುವ ಜಾಗಕ್ಕೆ ಬಂದಾಗ ಡೇರೆಗೆ ಡೇರೆಯೇ ನಕ್ಕಿತಂತೆ. ಕಡಲೆಕಾಯಿ ಸಿಪ್ಪೆ ಎಸೆದರಂತೆ. ಅವನ ಸ್ವಂತ ಅಪ್ಪನೂ ನಕ್ಕನಂತೆ.

"ಇವತ್ತು ನೀವೂ ನೋಡಿದ್ರಲ್ಲ," ಅಂದ. "ಒಬ್ರೂ ನಗಲಿಲ್ಲ."

ಅವನ ಮುಖದಲ್ಲಿ ಸಂತೋಷವಿತ್ತು. ತೋಟಪ್ಪನವರಿಗೆ ಹೇಸಿಗೆಯಾಯಿತು. ಆ ಮಾತನ್ನೂ ಹೇಳಿಕೆಯಲ್ಲಿ ಬರೆದು, ಅವನ ಮುಂದಿಟ್ಟು, ಸಹಿ ಹಾಕಿಸಿದರು.