ಎಂಟೂವರೆಯ ನೀಲಿ ಹೆಲ್ಮೆಟ್

"ಹತ್ತಿ ಮೇಡಂ."

ಅವಳು ಹತ್ತಲಿಲ್ಲ. ಬೈಕ್ ಟ್ಯಾಕ್ಸಿಯವನ ಮುಖವನ್ನೂ ನೋಡಲಿಲ್ಲ.

ನಾಲ್ಕು ತಿಂಗಳಿಂದ ದಿನಾ ಬೆಳಿಗ್ಗೆ ಎಂಟೂವರೆಗೆ ಅವಳನ್ನು ಲೈಬ್ರರಿ ಕೆಲಸಕ್ಕೆ ಬಿಡುತ್ತಿದ್ದವನು ಇವನೇ. ಆಡಿದ ಮಾತು ಬೆರಳೆಣಿಕೆಯಷ್ಟು. ಡೈರಿಯಲ್ಲಿ ಬರೆದದ್ದು ಮಾತ್ರ ಪುಟಗಟ್ಟಲೆ!

ನಿನ್ನೆ ಅಕ್ಕ ಮೊಬೈಲ್ ಹಿಡಿದು ಓಡಿಬಂದಿದ್ದಳು. "ಲೇ, ನಿನ್ನ ಸಾರಥಿ ಫೇಮಸ್ ಆಗ್ಬಿಟ್ಟಿದಾನೆ ಕಣೇ!"

ಕದ್ದು ಕ್ಯಾಮೆರಾ ಇಟ್ಟು ಜನರನ್ನು ಬೇಸ್ತು ಬೀಳಿಸುವ ಪ್ರ್ಯಾಂಕ್ ವಿಡಿಯೊ. ಕೆಂಪು ಜಾಕೆಟ್ಟಿನ ಚೆಲುವೆಯೊಬ್ಬಳು ಬೈಕ್ ಏರಿದವಳೇ ಅವನನ್ನು ಹಿಂದಿನಿಂದ ತಬ್ಬಿ, "ನನ್ನ ಮದ್ವೆ ಆಗ್ತೀಯಾ?" ಎನ್ನುತ್ತಾಳೆ. ಇನ್ನೂ ಹೆಲ್ಮೆಟ್ ಹಾಕಿರದ ಅವನ ಕಿವಿಗಳು ಕೆಂಪೇರುತ್ತವೆ. ಅಲ್ಲಿಗೆ ಕಟ್! ಕೆಳಗೆ ಲಕ್ಷ ಲೈಕು.

ಅವಳು ಅದನ್ನು ಹದಿನೇಳು ಸಲ ನೋಡಿದ್ದಳು... ಪ್ರತಿ ಸಲವೂ ಆ ಕಿವಿಗಳನ್ನೇ.

'ನಾನು ನಾಲ್ಕು ತಿಂಗಳು ಬೈಕಿನ ಹಿಂದಿನ ಕಂಬಿ ಹಿಡಿದೇ ಕೂತೆ. ಅವಳು ಅರ್ಧ ನಿಮಿಷದಲ್ಲಿ...'

"ನಾಳೆಯಿಂದ ಬಸ್ಸಲ್ಲಿ ಹೋಗ್ತೀನಿ," ಎಂದಳು ಈಗ ಅವನಿಗೆ. "ನಿಮಗೇನು, ತಬ್ಕೊಳ್ಳೋ ಗಿರಾಕಿಗಳೇ ಸಿಗ್ತಾರಲ್ಲ!"

ಅವನು ಪೆಚ್ಚಾದ. "ಅಯ್ಯೋ, ಅದು ಪ್ರ್ಯಾಂಕ್ ಅಂತ ನಂಗೇ ಗೊತ್ತಿರ್ಲಿಲ್ಲ ಮೇಡಂ! 'ಇಳೀರಿ' ಅಂತ ಇಳಿಸ್ದೆ. ಅದನ್ನ ಮಾತ್ರ ಕಟ್ ಮಾಡಿದಾರೆ. ಸ್ಟ್ಯಾಂಡಲ್ಲಿ ಎಲ್ರೂ 'ಮದುಮಗ, ಊಟ ಯಾವಾಗ' ಅಂತ ರೇಗಿಸ್ತಿದಾರೆ..."

ಹೇಳುವುದಕ್ಕೇನು, ಯಾರು ಬೇಕಾದರೂ ಹೇಳಬಹುದು! ಕೊನೆಯ ಸವಾರಿ ಎಂದುಕೊಂಡು ನೀಲಿ ಹೆಲ್ಮೆಟ್ ಕಸಿದುಕೊಂಡಳು.

ಮೊದಲ ದಿನ ಈ ಹೆಲ್ಮೆಟ್ ಅವಳ ಪುಟ್ಟ ತಲೆಯ ಮೇಲೆ ಬುಗುರಿಯಂತೆ ತಿರುಗಿತ್ತು. ಮರುದಿನ ಅವನೇ ಒಳಗೆ ಸ್ಪಂಜು ಅಂಟಿಸಿ, ಪಟ್ಟಿ ಮಡಚಿ ಹೊಲಿದು ತಂದಿದ್ದ.

'ಅವಳಿಗಾಗಿ ಆ ಹೊಲಿಗೆ ಬಿಚ್ಚಿರುತ್ತಾನೆ...'

ಗಲ್ಲದ ಕೆಳಗೆ ಬೆರಳಾಡಿಸಿದಳು. ಸೊಟ್ಟ ಸೊಟ್ಟ ಹೊಲಿಗೆ ಹಾಗೇ ಇತ್ತು! ಆಗ ನೆನಪಾಯಿತು. ವಿಡಿಯೊದ ಹುಡುಗಿಯ ತಲೆಯ ಮೇಲಿದ್ದದ್ದು ಕಪ್ಪು ಹೆಲ್ಮೆಟ್.

"ಇದನ್ನ ಬೇರೆಯವ್ರಿಗೆ ಕೊಡಲ್ವಾ?"

"ಅವ್ರಿಗೆಲ್ಲ ಕಪ್ಪುದು." ಅವನು ಕನ್ನಡಿ ಒರೆಸತೊಡಗಿದ. "ಇದು... ಎಂಟೂವರೆಗೆ ಮಾತ್ರ."

ಡೈರಿಗಷ್ಟೇ ಹೇಳಿದ್ದ ಮಾತು ಅವಳ ಬಾಯಿಗೆ ಬಂದೇಬಿಟ್ಟಿತು.

"ನಂಗೆ... ನೀವಂದ್ರೆ ಇಷ್ಟ."

ಅವನು ಬೆಚ್ಚಿ ಸುತ್ತ ನೋಡಿದ. ಮರದ ಹಿಂದೆ, ನಿಂತ ಕಾರಿನೊಳಗೆ, ಅವಳ ಬ್ಯಾಗಿನ ಕಡೆ...

"ಏನು ಹುಡುಕ್ತಿದೀರಿ?"

"ಕ್ಯಾಮೆರಾ..."

ಅವಳು ನಕ್ಕುಬಿಟ್ಟಳು. "ಕ್ಯಾಮೆರಾ ಇಲ್ಲ ಕಣ್ರೀ. ಬ್ಯಾಗಲ್ಲಿರೋದು ಡೈರಿ!"

"ಹಾಗಾದ್ರೆ... ಇನ್ನೊಂದ್ಸಲ ಹೇಳ್ತೀರಾ?"

"ಹೇಳ್ತೀನಿ. ಮೊದ್ಲು ನಿಮ್ಮ ಹೆಲ್ಮೆಟ್ ತೆಗೀರಿ... ಕಿವಿ ನೋಡ್ಬೇಕು."